ಕಲ್ಪಿತ ಲೋಕಗಳ ಪಂಚಾಂಗ

೧೯೪೪ನೆಯ ಇಸವಿಯ ಮೇ ತಿಂಗಳಿನ ಒಂದು ದಿನ ಆಕ್ಸ್‌ಫರ್ಡ್ ವಿಶ್ವವಿದ್ಯಾನಿಲಯದ ಪ್ರಾಧ್ಯಾಪಕರೊಬ್ಬರ ಇಡೀ ಮಧ್ಯಾಹ್ನವನ್ನು ಚಂದ್ರನು ನುಂಗಿಹಾಕಿದನು. ಅವರು ಖಗೋಳಶಾಸ್ತ್ರದ ಪ್ರಾಧ್ಯಾಪಕರಲ್ಲ. ಹಳೆಯ ಇಂಗ್ಲಿಷ್ ಭಾಷೆಯನ್ನು ಕಲಿಸುತ್ತಿದ್ದವರು. ಬಿಡುವು ದೊರೆತಾಗಲೆಲ್ಲ ಒಂದು ದೀರ್ಘವಾದ ಅದ್ಭುತಕಥೆಯನ್ನು ಬರೆಯುತ್ತಿದ್ದರು. ಕಥೆಯ ಪಾತ್ರಗಳು ಗುಂಪುಗುಂಪಾಗಿ ಅಗಲಿ ಬೇರೆ ಬೇರೆ ದಾರಿಗಳನ್ನು ಹಿಡಿದಿದ್ದವು. ತಾವು ಬರೆದುದನ್ನು ತಿರುವಿ ನೋಡಿದಾಗ ಅವರಿಗೆ ಒಂದು ವಿಚಿತ್ರ ಕಂಡಿತು: ನಾಡಿನ ಒಂದು ಭಾಗದಲ್ಲಿ ಚಂದ್ರನು ಉದಯಿಸುತ್ತಿರುವ ಹೊತ್ತಿಗೇ ಇನ್ನೊಂದು ಭಾಗದಲ್ಲಿ ಮುಳುಗುತ್ತಿದ್ದನು! ಹಿಂದಿನ ಅಧ್ಯಾಯಗಳನ್ನು ತಿದ್ದುವುದರಲ್ಲಿಯೇ ಮಧ್ಯಾಹ್ನವೆಲ್ಲ ಕಳೆಯಿತೆಂದು ಅವರು ದಕ್ಷಿಣ ಆಫ್ರಿಕದಲ್ಲಿ ವಾಯುಸೇನೆಯಲ್ಲಿದ್ದ ತಮ್ಮ ಮಗನಿಗೆ ಕಾಗದ ಬರೆದರು. ಪ್ರಾಧ್ಯಾಪಕರ ಹೆಸರು ಜೆ. ಆರ್. ಆರ್. ಟೋಲ್ಕೀನ್. ಕಥೆಯು ‘ದ ಲಾರ್ಡ್ ಆಫ್ ದ ರಿಂಗ್ಸ್’ ಎಂಬ ಹೆಸರಿನಿಂದ ೧೯೫೪-೫೫ರಲ್ಲಿ ಮೂರು ಸಂಪುಟಗಳಾಗಿ ಹೊರಬಂದಿತು. ಕೊನೆಯ ಸಂಪುಟದ ಅನುಬಂಧಗಳಲ್ಲಿ ಒಂದು, ಕೇವಲ ಪಂಚಾಂಗಗಳಿಗೆ ಮೀಸಲಾದುದು.

ಲೋಕವೇ ಕಲ್ಪಿತವಾಗಿರುವಾಗ ಚಂದ್ರನು ಹೇಗೆ ನಡೆದರೇನು ಎಂದು ವಾಚಕರು ಕೇಳಬಹುದು. ಕೇಳತಕ್ಕ ಪ್ರಶ್ನೆಯೇ ಸರಿ. ಕಥೆಗಾರನು ತನ್ನ ಲೋಕಕ್ಕೆ ಎಷ್ಟು ಚಂದ್ರರನ್ನಾದರೂ ಕೊಡಬಹುದು. ದಿನವನ್ನು ಹತ್ತು ಗಂಟೆಗೆ ಇಳಿಸಬಹುದು, ನೂರು ಗಂಟೆಗೆ ಏರಿಸಬಹುದು. ಆದರೆ ಒಮ್ಮೆ ಕೊಟ್ಟಮೇಲೆ ಅವನ ಸ್ವಾತಂತ್ರ್ಯ ಮುಗಿಯಿತು. ಹುಣ್ಣಿಮೆಯಾದ ಮೂರನೆಯ ದಿನವೇ ಬಿದಿಗೆಯ ಎಳೆಚಂದ್ರನನ್ನು ತೋರಿಸಿದರೆ, ಮಾಟಗಾರರನ್ನೂ ಮಾತನಾಡುವ ಮರಗಳನ್ನೂ ಒಪ್ಪಿಕೊಂಡ ಓದುಗನು ಕೂಡ ಇದನ್ನು ಒಪ್ಪಲಾರನು. ಆಯ್ಕೆ ಕಥೆಗಾರನದು, ಅದರ ಪರಿಣಾಮ ಅಂಕಗಣಿತದ್ದು. ಈಚಿನ ಕಥೆಗಾರರಿಗೂ ಕಥೆಯಾಟಗಳನ್ನು ರಚಿಸುವವರಿಗೂ ಒಂದು ಲೋಕ ಸಾಲದಾಗಿದೆ. ಹಲವು ವಿಶ್ವಗಳನ್ನು ಕಲ್ಪಿಸಿ, ಒಂದರಿಂದ ಇನ್ನೊಂದಕ್ಕೆ ಬಾಗಿಲುಗಳನ್ನು ಇಡುತ್ತಾರೆ. ಇಂತಹ ಬಹುವಿಶ್ವಕ್ಕೆಲ್ಲ ಸಲ್ಲುವ ಒಂದೇ ಪಂಚಾಂಗವನ್ನು ಕಟ್ಟುವುದು ಸಾಧ್ಯವೆ? ಇದನ್ನು ನಾವು ಈಗ ವಿಚಾರ ಮಾಡೋಣ. ಮೊದಲು ಒಂದು ಲೋಕದ ಕಷ್ಟವನ್ನು ತಿಳಿದುಕೊಳ್ಳುವುದು ಲೇಸು.

ನಮ್ಮ ಭೂಮಿಯಲ್ಲಿ ಹುಣ್ಣಿಮೆಯಿಂದ ಹುಣ್ಣಿಮೆಗೆ ಸರಾಸರಿ ೨೯.೫೩೦೬ ದಿನಗಳು, ಋತುಚಕ್ರವು ಒಂದು ಸುತ್ತು ತಿರುಗಲು ೩೬೫.೨೪೨೨ ದಿನಗಳು. ಗಡಿಯಾರದೊಳಗಿನ ಹಲ್ಲುಚಕ್ರಗಳು ಒಂದಕ್ಕೊಂದು ಕಚ್ಚಿಕೊಂಡು ತಿರುಗುತ್ತವೆ. ಆಕಾಶದ ಚಕ್ರಗಳಿಗೆ ಅಂತಹ ಒಪ್ಪಂದವಿಲ್ಲ. ವರ್ಷವನ್ನು ದಿನದಿಂದ ಭಾಗಿಸಿದರೂ ಶೇಷ ಉಳಿಯುತ್ತದೆ, ಮಾಸದಿಂದ ಭಾಗಿಸಿದರೂ ಶೇಷ ಉಳಿಯುತ್ತದೆ. ಹನ್ನೆರಡು ಚಾಂದ್ರಮಾಸಗಳಿಗೆ ೩೫೪ ದಿನಗಳಾಗಿ ವರ್ಷಕ್ಕೆ ಸುಮಾರು ಹನ್ನೊಂದು ದಿನ ಕಡಮೆ ಬೀಳುತ್ತದೆ. ನಮ್ಮ ಹಿರಿಯರು ಆ ಕೊರತೆಯನ್ನು ಕೂಡಿಟ್ಟು ಮೂರು ವರ್ಷಕ್ಕೊಮ್ಮೆ, ಕೆಲವು ವೇಳೆ ಇನ್ನೂ ಮುಂಚೆಯೇ, ಒಂದು ಅಧಿಕಮಾಸವಾಗಿ ತೀರಿಸಿದರು. ಮುಸಲ್ಮಾನರು ಕೊರತೆಯನ್ನು ಹಾಗೆಯೇ ಬಿಟ್ಟರು. ಆದುದರಿಂದ ಅವರ ಹಬ್ಬಗಳು ಎಲ್ಲ ಋತುಗಳಲ್ಲಿಯೂ ಸಂಚರಿಸುತ್ತವೆ. ರೋಮನರು ಚಂದ್ರನನ್ನೇ ಕೈಬಿಟ್ಟು ತಿಂಗಳೆಂಬ ಹೆಸರನ್ನು ಮಾತ್ರ ಉಳಿಸಿಕೊಂಡರು. ಪಂಚಾಂಗ ಮಾಡುವವನಿಗೆ ಇರುವ ಮುಖ್ಯ ತೊಡಕು ಇದೊಂದೇ: ಶೇಷವನ್ನು ಎಲ್ಲಿ ಇಡುವುದು?

ಟೋಲ್ಕೀನರು ತಮ್ಮ ಲೋಕಕ್ಕೆ ನಮ್ಮ ಸೂರ್ಯನನ್ನೂ ನಮ್ಮ ವರ್ಷವನ್ನೂ ಇಟ್ಟುಕೊಂಡರು. ಆ ಕಥೆಯಲ್ಲಿ ಷೈರ್ ಎಂಬ ಹಳ್ಳಿನಾಡಿದೆ. ಅಲ್ಲಿಯ ಗಿಡ್ಡಜನರಾದ ಹಾಬಿಟ್ಟರು ಊಟಪ್ರಿಯರು, ಗಲಾಟೆಯನ್ನು ಒಲ್ಲದವರು. ಅವರ ವರ್ಷದಲ್ಲಿ ಹನ್ನೆರಡು ತಿಂಗಳುಗಳು, ಪ್ರತಿಯೊಂದಕ್ಕೂ ಮೂವತ್ತೇ ದಿನಗಳು. ಉಳಿದ ಐದು ದಿನಗಳು ಯಾವ ತಿಂಗಳಿಗೂ ಸೇರವು: ವರ್ಷದ ಕೊನೆಗೊಂದು, ಮೊದಲಿಗೊಂದು, ನಡುಬೇಸಗೆಯಲ್ಲಿ ಮೂರು. ಇವೆಲ್ಲ ಹಬ್ಬದ ದಿನಗಳು. ನಾಲ್ಕು ವರ್ಷಕ್ಕೊಮ್ಮೆ ನಡುಬೇಸಗೆಗೆ ಇನ್ನೂ ಒಂದು ದಿನ ಸೇರುತ್ತದೆ. ಶತಮಾನದ ಕೊನೆಯ ವರ್ಷದಲ್ಲಿ ಮಾತ್ರ ಸೇರುವುದಿಲ್ಲ.

ಇಷ್ಟರಲ್ಲಿ ಹೊಸದೇನೂ ಇಲ್ಲ. ಪ್ರಾಚೀನ ಈಜಿಪ್ಟಿನವರೂ ಮೂವತ್ತು ದಿನಗಳ ಹನ್ನೆರಡು ತಿಂಗಳನ್ನೂ ಐದು ಹೆಚ್ಚಿನ ದಿನಗಳನ್ನೂ ಎಣಿಸುತ್ತಿದ್ದರು. ಸ್ವಾರಸ್ಯವಿರುವುದು ವಾರದ ವಿಷಯದಲ್ಲಿ. ಏಳರಿಂದ ೩೬೫ನ್ನು ಭಾಗಿಸಿದರೆ ೫೨ ವಾರಗಳಾಗಿ ಒಂದು ದಿನ ಮಿಗುತ್ತದೆ. ಈ ಒಂದು ದಿನದ ದೆಸೆಯಿಂದಲೇ ನಾವು ಪ್ರತಿ ವರ್ಷವೂ ಗೋಡೆಗೆ ಹೊಸ ಕ್ಯಾಲೆಂಡರನ್ನು ತೂಗುಹಾಕಬೇಕಾಗಿದೆ. ಹಾಬಿಟ್ಟರು ವರ್ಷದ ನಟ್ಟನಡುವಿನ ದಿನಕ್ಕೂ ಅಧಿಕ ದಿನಕ್ಕೂ ವಾರದ ಹೆಸರನ್ನೇ ಕೊಡದೆ ಬಿಟ್ಟರು. ಅವು ಭಾನುವಾರವೂ ಅಲ್ಲ, ಸೋಮವಾರವೂ ಅಲ್ಲ, ಬರಿಯ ಹಬ್ಬ. ಉಳಿದ ೩೬೪ ದಿನಗಳು ಸರಿಯಾಗಿ ೫೨ ವಾರಗಳು. ಪ್ರತಿ ವರ್ಷವೂ ಶನಿವಾರ ಆರಂಭವಾಗಿ ಶುಕ್ರವಾರ ಮುಗಿಯುತ್ತದೆ. ಯಾವ ತಾರೀಖು ಯಾವ ವಾರವೆಂಬುದು ಎಂದೆಂದಿಗೂ ಬದಲಾಗದು. ಈ ವ್ಯವಸ್ಥೆಯಲ್ಲಿ ಯಾವ ತಿಂಗಳೂ ಶುಕ್ರವಾರ ಆರಂಭವಾಗುವುದಿಲ್ಲ. ಆದಕಾರಣ ‘ಒಂದನೆಯ ತಾರೀಖು ಶುಕ್ರವಾರ’ ಎಂದರೆ ಎಂದೂ ಬಾರದ ದಿನವೆಂದು ಹಾಬಿಟ್ಟರ ಹಾಸ್ಯ. ಸಾಲ ತೀರಿಸುವ ದಿನವನ್ನು ಗೊತ್ತುಮಾಡಲು ಇದಕ್ಕಿಂತ ಅನುಕೂಲವಾದ ತಾರೀಖು ಇನ್ನಾವುದಿದ್ದೀತು?

ಕಥೆಯಲ್ಲಿ ಇಷ್ಟು ಸುಲಭವಾಗಿ ನಡೆದುಹೋದ ಈ ಸುಧಾರಣೆ, ಅದೇ ವರ್ಷಗಳಲ್ಲಿ ನಿಜವಾದ ಜಗತ್ತಿನಲ್ಲಿ ಮುಗ್ಗರಿಸಿಬಿದ್ದಿತು. ಪ್ರಸಿದ್ಧ ಭೌತವಿಜ್ಞಾನಿ ಮೇಘನಾದ ಸಹಾ ಅವರ ಅಧ್ಯಕ್ಷತೆಯಲ್ಲಿ ೧೯೫೨ರಲ್ಲಿ ಭಾರತದ ಪಂಚಾಂಗ ಸುಧಾರಣಾ ಸಮಿತಿ ನೇಮಕವಾಯಿತು. ಆಗ ನಮ್ಮ ದೇಶದಲ್ಲಿ ಸುಮಾರು ಮೂವತ್ತು ಬಗೆಯ ಪಂಚಾಂಗಗಳು ಬಳಕೆಯಲ್ಲಿದ್ದವು. ಅತ್ತ ೧೯೫೩ರಲ್ಲಿ ಭಾರತವು ವಿಶ್ವಸಂಸ್ಥೆಯ ಮುಂದೆ ಇಡೀ ಪ್ರಪಂಚಕ್ಕೆ ಒಂದೇ ಪಂಚಾಂಗವಿರಲೆಂಬ ಸಲಹೆಯನ್ನಿಟ್ಟಿತು. ಆ ಪಂಚಾಂಗದಲ್ಲಿಯೂ ೩೬೪ ದಿನಗಳಿಗೆ ವಾರದ ಹೆಸರು. ವರ್ಷದ ಕೊನೆಯ ಒಂದು ದಿನಕ್ಕೆ ವಾರವಿಲ್ಲ. ಗಣಿತದಲ್ಲಿ ಯಾವ ದೋಷವೂ ಇರಲಿಲ್ಲ. ಆದರೆ ಯೆಹೂದ್ಯರು, ಕ್ರೈಸ್ತರು, ಮುಸಲ್ಮಾನರು ಏಳನೆಯ ದಿನವನ್ನು ಶತಮಾನಗಳಿಂದ ಒಂದೂ ತಪ್ಪದಂತೆ ಎಣಿಸುತ್ತ ಬಂದಿದ್ದಾರೆ. ನಡುವೆ ಒಂದು ದಿನ ಎಣಿಕೆಗೆ ಸಿಕ್ಕದಿದ್ದರೆ ಅವರ ಪುಣ್ಯದಿನವು ಪ್ರತಿ ವರ್ಷವೂ ಬೇರೊಂದು ವಾರಕ್ಕೆ ಜಾರಿಹೋಗುತ್ತದೆ. ವಿರೋಧ ಬಲವಾಗಿ, ೧೯೫೬ರಲ್ಲಿ ವಿಷಯವನ್ನು ಬದಿಗಿಡಲಾಯಿತು. ಸಹಾ ಅವರು ಅದೇ ವರ್ಷ ಫೆಬ್ರವರಿಯಲ್ಲಿ ತೀರಿಕೊಂಡರು. ಅವರ ಸಮಿತಿಯ ಸಲಹೆಯಂತೆ ೧೯೫೭ನೆಯ ಮಾರ್ಚ್ ೨೨ರಿಂದ ಜಾರಿಗೆ ಬಂದ ನಮ್ಮ ರಾಷ್ಟ್ರೀಯ ಪಂಚಾಂಗವು ವಾರದ ತಂಟೆಗೆ ಹೋಗಲಿಲ್ಲ.

ಷೈರಿನ ನೆರೆಯಲ್ಲಿದ್ದ ಎಲ್ಫ್ ಎಂಬ ಅಮರಜನರ ಲೆಕ್ಕ ನಮಗೆ ಇದಕ್ಕಿಂತಲೂ ಹಿಡಿಸುತ್ತದೆ. ಸಾವಿಲ್ಲದವರಿಗೆ ಒಂದು ವರ್ಷ ಯಾವ ಲೆಕ್ಕ? ಅವರು ೧೪೪ ವರ್ಷಗಳನ್ನು ಒಂದು ದೊಡ್ಡ ವರ್ಷವೆನ್ನುತ್ತಾರೆ. ಅವರ ವಾರಕ್ಕೆ ಆರು ದಿನಗಳು, ವರ್ಷಕ್ಕೆ ನಮ್ಮಲ್ಲಿರುವಂತೆಯೇ ಆರು ಋತುಗಳು. ನಾಲ್ಕು ಋತುಗಳಿಗೆ ೫೪ ದಿನಗಳಂತೆ, ಎರಡಕ್ಕೆ ೭೨ರಂತೆ ಒಟ್ಟು ೩೬೦. ಮೇಲೆ ಐದು ದಿನಗಳು ಹೊರಗೆ. ಹನ್ನೆರಡು ವರ್ಷಕ್ಕೊಮ್ಮೆ ಮೂರು ದಿನಗಳನ್ನು ಒಟ್ಟಿಗೆ ಸೇರಿಸುತ್ತಾರೆ. ಹೀಗೆ ದೊಡ್ಡ ವರ್ಷಕ್ಕೆ ೫೨,೫೯೬ ದಿನಗಳು; ಆರರಿಂದ ಭಾಗಿಸಿದರೆ ೮,೭೬೬ ವಾರಗಳಾಗಿ ಶೇಷವೇ ಇಲ್ಲ! ಮೂರು ದೊಡ್ಡ ವರ್ಷಗಳಿಗೆ, ಎಂದರೆ ೪೩೨ ವರ್ಷಗಳಿಗೊಮ್ಮೆ, ಆ ಮೂರು ದಿನಗಳನ್ನು ಸೇರಿಸದೆ ಬಿಡುತ್ತಾರೆ. ಆಗ ವರ್ಷದ ಸರಾಸರಿ ೩೬೫.೨೪೩೧ ದಿನಗಳಾಗುತ್ತದೆ. ನಾವು ಬಳಸುವ ಇಂಗ್ಲಿಷ್ ಪಂಚಾಂಗದ ಸರಾಸರಿ ೩೬೫.೨೪೨೫, ಹಾಬಿಟ್ಟರದು ೩೬೫.೨೪. ಎಲ್ಫರು ನಮಗಿಂತ ತುಸು ಹಿಂದೆ, ಹಾಬಿಟ್ಟರಿಗಿಂತ ಮುಂದೆ. ೪೩೨ ಎಂಬ ಅಂಕಿಯನ್ನು ಕಂಡೊಡನೆ ನಮ್ಮ ಕಲಿಯುಗದ ೪,೩೨,೦೦೦ ವರ್ಷಗಳು ನೆನಪಾಗುವುದು ಸಹಜ. ಹನ್ನೆರಡರಲ್ಲಿಯೂ ಆರರಲ್ಲಿಯೂ ಎಣಿಸುವವರೆಲ್ಲ ಇಂತಹ ಸಂಖ್ಯೆಗಳ ಬಳಿಗೆ ಬಂದು ಸೇರುತ್ತಾರೆಂದಷ್ಟೇ ನಾವು ಇದಕ್ಕೆ ಅರ್ಥ ಹೇಳಬಲ್ಲೆವು.

ಇದುವರೆಗೆ ನೋಡಿದ್ದು ಕಥೆ. ನಿಜವಾಗಿಯೂ ಹೊಸ ಪಂಚಾಂಗ ಬೇಕಾಗುವ ಲೋಕವೊಂದು ನಮ್ಮ ಪಕ್ಕದಲ್ಲಿಯೇ ಇದೆ. ಮಂಗಳಗ್ರಹದ ದಿನಕ್ಕೆ ೨೪ ಗಂಟೆ ೩೯ ನಿಮಿಷ ೩೫ ಸೆಕೆಂಡುಗಳು. ವರ್ಷಕ್ಕೆ ಅಂತಹ ೬೬೮.೫೯ ದಿನಗಳು. ಅಲ್ಲಿ ಇಬ್ಬರು ಚಂದ್ರರಿದ್ದರೂ ತಿಂಗಳಿನ ಎಣಿಕೆಗೆ ಇಬ್ಬರಿಂದಲೂ ಪ್ರಯೋಜನವಿಲ್ಲ. ಫೋಬೋಸ್ ಎಂಬಾತನು ಏಳೂವರೆ ಗಂಟೆಗೆ ತುಸು ಮೇಲ್ಪಟ್ಟು ಒಂದು ಸುತ್ತು ಮುಗಿಸುತ್ತಾನೆ. ಗ್ರಹವು ತಿರುಗುವುದಕ್ಕಿಂತ ಬೇಗ ಓಡುವುದರಿಂದ ಪಶ್ಚಿಮದಲ್ಲಿ ಹುಟ್ಟಿ ಪೂರ್ವದಲ್ಲಿ ಮುಳುಗುತ್ತಾನೆ! ಡೈಮೋಸನಿಗೂ ಒಂದು ಸುತ್ತಿಗೆ ಮೂವತ್ತು ಗಂಟೆಗಳೇ ಸಾಕು.

ಥಾಮಸ್ ಗ್ಯಾಂಗೇಲ್ ಎಂಬವರು ೧೯೮೫ರಲ್ಲಿ ಮಂಗಳಕ್ಕಾಗಿ ಒಂದು ಪಂಚಾಂಗವನ್ನು ರಚಿಸಿದರು. ಅದರಲ್ಲಿ ೨೪ ತಿಂಗಳುಗಳು. ಇಪ್ಪತ್ತು ತಿಂಗಳುಗಳಿಗೆ ೨೮ ದಿನಗಳು, ನಾಲ್ಕಕ್ಕೆ ೨೭. ಒಟ್ಟು ೬೬೮. ಹತ್ತರಲ್ಲಿ ಆರು ವರ್ಷಗಳಿಗೆ ಒಂದು ದಿನ ಹೆಚ್ಚು. ಪ್ರತಿ ತಿಂಗಳೂ ವಾರದ ಮೊದಲ ದಿನವೇ ಆರಂಭವಾಗುತ್ತದೆ. ೨೭ ದಿನಗಳ ತಿಂಗಳಿನಲ್ಲಿ ಕೊನೆಯ ವಾರಕ್ಕೆ ಆರೇ ದಿನಗಳು. ಹಾಬಿಟ್ಟರು ವಾರವಿಲ್ಲದ ದಿನವನ್ನು ಮಾಡಿದರೆ ಇವರು ದಿನವಿಲ್ಲದ ವಾರವನ್ನು ಮಾಡಿದರು. ತಿಂಗಳುಗಳ ಹೆಸರುಗಳು ನಮಗೆ ಅಚ್ಚರಿಯನ್ನೂ ಸಂತೋಷವನ್ನೂ ತರುತ್ತವೆ. ರಾಶಿಗಳ ಲ್ಯಾಟಿನ್ ಹೆಸರೊಂದು, ಅದರ ಹಿಂದೆಯೇ ಸಂಸ್ಕೃತದ ಹೆಸರು: ಸ್ಯಾಜಿಟೇರಿಯಸ್ ಕಳೆದರೆ ಧನುಸ್ಸು, ಕ್ಯಾಪ್ರಿಕಾರ್ನಸ್ ಕಳೆದರೆ ಮಕರ, ಅಕ್ವೇರಿಯಸ್ ಕಳೆದರೆ ಕುಂಭ.

ಇನ್ನೊಂದು ಲೋಕದ ದಿನಮಾನಕ್ಕೆ ಹೊಂದಿಕೊಂಡು ಬದುಕುವ ಕಷ್ಟವನ್ನು ಅನುಭವಿಸಿದವರೂ ಇದ್ದಾರೆ. ೨೦೦೪ರಲ್ಲಿ ಸ್ಪಿರಿಟ್, ಆಪರ್ಚುನಿಟಿ ಎಂಬ ಎರಡು ಬಂಡಿಗಳು ಮಂಗಳದ ಮೇಲೆ ಇಳಿದಾಗ, ಕ್ಯಾಲಿಫೋರ್ನಿಯದಲ್ಲಿ ಅವನ್ನು ನಡೆಸುತ್ತಿದ್ದ ಎಂಜಿನಿಯರುಗಳು ಮೊದಲ ಕೆಲವು ತಿಂಗಳು ಮಂಗಳದ ಹೊತ್ತಿಗೆ ಎದ್ದು ಮಂಗಳದ ಹೊತ್ತಿಗೆ ಮಲಗಿದರು. ಪ್ರತಿ ದಿನವೂ ನಲವತ್ತು ನಿಮಿಷ ತಡ. ಇಂದು ಬೆಳಗ್ಗೆ ಎಂಟಕ್ಕೆ ಕೆಲಸ ಆರಂಭಿಸಿದವನು ಹದಿನೆಂಟು ದಿನಗಳಲ್ಲಿ ರಾತ್ರಿ ಎಂಟಕ್ಕೆ ಆರಂಭಿಸಬೇಕು! ನಿಧಾನವಾಗಿ ನಡೆಯುವ ಕೈಗಡಿಯಾರಗಳನ್ನು ಅವರಿಗಾಗಿಯೇ ಮಾಡಿಸಲಾಗಿತ್ತು. ಬಂಡಿಗಳು ಗ್ರಹದ ಎದುರುಬದುರು ಮಗ್ಗುಲುಗಳಲ್ಲಿದ್ದುದರಿಂದ ಒಂದಕ್ಕೆ ಹಗಲಾದಾಗ ಇನ್ನೊಂದಕ್ಕೆ ಇರುಳು. ಒಂದೊಂದೂ ತಾನು ಇಳಿದ ದಿನದಿಂದ ತನ್ನದೇ ದಿನಗಳನ್ನು ಎಣಿಸಿತು, ಒಬ್ಬೊಬ್ಬ ಅರಸನೂ ತನ್ನ ಶಕೆಯನ್ನು ಸ್ಥಾಪಿಸಿದಂತೆ.

ಇಲ್ಲಿಗೆ ನಾವು ಬಹುಲೋಕಗಳ ಬಾಗಿಲಿಗೆ ಬಂದೆವು. ಟೋಲ್ಕೀನರ ಸ್ನೇಹಿತರೂ ಆಕ್ಸ್‌ಫರ್ಡಿನಲ್ಲಿಯೇ ಅಧ್ಯಾಪಕರೂ ಆಗಿದ್ದ ಸಿ. ಎಸ್. ಲೂಯಿಸ್ ಅವರು ೧೯೫೦ರಿಂದ ಮುಂದಕ್ಕೆ ನಾರ್ನಿಯ ಎಂಬ ಲೋಕದ ಕಥೆಗಳನ್ನು ಮಕ್ಕಳಿಗಾಗಿ ಪ್ರಕಟಿಸಿದರು. ಇಂಗ್ಲೆಂಡಿನ ನಾಲ್ವರು ಮಕ್ಕಳು ಒಂದು ಬಟ್ಟೆಯ ಬೀರುವಿನ ಮೂಲಕ ಆ ಲೋಕವನ್ನು ಹೊಕ್ಕು, ರಾಜರಾಣಿಯರಾಗಿ ಎಷ್ಟೋ ವರ್ಷ ಆಳಿ, ದೊಡ್ಡವರಾಗಿ ಹಿಂದಿರುಗಿದರೆ ಇಲ್ಲಿ ಹೊತ್ತೇ ಕಳೆದಿಲ್ಲ. ಅವರು ಮತ್ತೆ ಮಕ್ಕಳೇ. ಎರಡನೆಯ ಕಥೆಯಲ್ಲಿ ಇಲ್ಲಿ ಒಂದು ವರ್ಷ ಕಳೆಯುವಷ್ಟರಲ್ಲಿ ಅಲ್ಲಿ ಹಲವು ನೂರು ವರ್ಷಗಳು ಸಂದು ಅವರ ಅರಮನೆ ಪಾಳುಬಿದ್ದಿದೆ. ಮೂರನೆಯದರಲ್ಲಿ ಇಲ್ಲಿಯ ಒಂದು ವರ್ಷಕ್ಕೆ ಅಲ್ಲಿ ಮೂರೇ ವರ್ಷ. ಕಥೆಗೆ ಇದು ಸೊಗಸು, ಪಂಚಾಂಗಕ್ಕೆ ಮರಣ. ಎರಡು ಲೋಕಗಳ ಕಾಲದ ಪ್ರಮಾಣ ಸ್ಥಿರವಾಗಿಲ್ಲದಿದ್ದರೆ ಒಂದರ ತಾರೀಖಿನಿಂದ ಇನ್ನೊಂದರ ತಾರೀಖನ್ನು ಕಂಡುಹಿಡಿಯಲು ಯಾವ ಗಣಿತಜ್ಞನಿಂದಲೂ ಆಗದು.

ಪ್ರಮಾಣವನ್ನು ಸ್ಥಿರವಾಗಿಟ್ಟ ಕಥೆಯೊಂದು ಭಾಗವತದಲ್ಲಿದೆ. ಕಕುದ್ಮಿ ಎಂಬ ಅರಸನು ತನ್ನ ಮಗಳು ರೇವತಿಗೆ ವರನನ್ನು ವಿಚಾರಿಸಲು ಬ್ರಹ್ಮಲೋಕಕ್ಕೆ ಹೋದನಂತೆ. ಅಲ್ಲಿ ಗಂಧರ್ವಗಾನ ನಡೆಯುತ್ತಿದ್ದುದರಿಂದ ಅದು ಮುಗಿಯುವವರೆಗೆ ಕಾದನು. ಅಷ್ಟರಲ್ಲಿ ಭೂಮಿಯಲ್ಲಿ ೨೭ ಚತುರ್ಯುಗಗಳು ಕಳೆದುಹೋಗಿದ್ದವು. ಅವನು ಮನಸ್ಸಿನಲ್ಲಿಟ್ಟುಕೊಂಡಿದ್ದ ವರರ ಮರಿಮಕ್ಕಳ ಹೆಸರು ಕೂಡ ಉಳಿದಿರಲಿಲ್ಲ. ಇದನ್ನು ನಾವು ಲೆಕ್ಕ ಹಾಕಿ ನೋಡೋಣ. ಪುರಾಣಗಳ ಪ್ರಕಾರ ಬ್ರಹ್ಮನ ಒಂದು ಹಗಲಿಗೆ ೧,೦೦೦ ಚತುರ್ಯುಗಗಳು. ಹಗಲು ಹನ್ನೆರಡು ಗಂಟೆಗಳೆಂದರೆ ೨೭ ಚತುರ್ಯುಗಗಳಿಗೆ ಆತನ ಗಡಿಯಾರದಲ್ಲಿ ಸುಮಾರು ಹತ್ತೊಂಬತ್ತೂವರೆ ನಿಮಿಷಗಳು. ಒಂದು ರಾಗವನ್ನು ಆಲಾಪಿಸಿ ಒಂದು ಕೃತಿಯನ್ನು ಹಾಡಿ ಮುಗಿಸಲು ಸರಿಯಾದ ಹೊತ್ತು!

ಲೋಕಲೋಕಕ್ಕೂ ಬೇರೆ ದಿನವಿರುತ್ತದೆಂಬ ಈ ಭಾವನೆಗೆ ನಮ್ಮ ಜ್ಯೋತಿಷಸಿದ್ಧಾಂತಿಗಳು ಕೊಟ್ಟ ವಿವರಣೆ ಇನ್ನೂ ಸೊಗಸಾದುದು. ದೇವತೆಗಳಿಗೆ ಆರು ತಿಂಗಳು ಹಗಲು, ಪಿತೃಗಳಿಗೆ ಅರ್ಧ ತಿಂಗಳು ಹಗಲು ಎಂಬ ನಂಬಿಕೆ ಹಳೆಯದು. ಆರ್ಯಭಟನು ಇದನ್ನು ಸ್ಥಳದ ಪ್ರಶ್ನೆಯಾಗಿ ನೋಡಿದನು. ಮೇರು ಎಂದರೆ ಉತ್ತರಧ್ರುವ. ಅಲ್ಲಿ ಸೂರ್ಯನು ಅರ್ಧ ವರ್ಷ ಮುಳುಗುವುದಿಲ್ಲ. ಪಿತೃಗಳು ಚಂದ್ರನ ಮೇಲಿರುವವರು. ಅಲ್ಲಿ ಸೂರ್ಯನು ಅರ್ಧ ಚಾಂದ್ರಮಾಸ ಕಾಣುತ್ತಾನೆ. ೧೧೫೦ರಲ್ಲಿ ‘ಸಿದ್ಧಾಂತ ಶಿರೋಮಣಿ’ಯನ್ನು ಬರೆದ ಭಾಸ್ಕರಾಚಾರ್ಯನು ಇನ್ನೂ ಒಂದು ಹೆಜ್ಜೆ ಮುಂದೆ ಹೋದನು: ಪಿತೃಗಳ ವಾಸ ಚಂದ್ರನ ಮೇಲ್ಭಾಗದಲ್ಲಿ, ಆದಕಾರಣ ನಮ್ಮ ಅಮಾವಾಸ್ಯೆಯೇ ಅವರಿಗೆ ನಡುಹಗಲು. ಅಮಾವಾಸ್ಯೆಯಂದು ಚಂದ್ರನು ಸೂರ್ಯನಿಗೂ ನಮಗೂ ನಡುವೆ ಇರುವುದರಿಂದ ನಮಗೆ ಕಾಣದ ಮುಖದ ಮೇಲೆ ಬಿಸಿಲು ನೆತ್ತಿಗೆ ಬಂದಿರುತ್ತದೆ. ಪಿತೃಗಳ ಮಾತು ಹೇಗಾದರೂ ಇರಲಿ, ಲೆಕ್ಕ ಸರಿ. ೨೦೨೩ನೆಯ ಆಗಸ್ಟ್ ೨೩ರಂದು ಚಂದ್ರಯಾನ-೩ರ ನೌಕೆ ಚಂದ್ರನ ದಕ್ಷಿಣಧ್ರುವದ ಕಡೆ ಇಳಿದಾಗ ಅಲ್ಲಿ ಬೆಳಗಿನ ಹೊತ್ತು. ಬೆಂಗಳೂರಿನಿಂದ ಅದನ್ನು ನಡೆಸುತ್ತಿದ್ದವರು ಕೆಲಸವನ್ನೆಲ್ಲ ಚಂದ್ರನ ಒಂದೇ ಹಗಲಿನಲ್ಲಿ, ಎಂದರೆ ನಮ್ಮ ಹದಿನಾಲ್ಕು ದಿನಗಳೊಳಗೆ, ಮುಗಿಸಿಕೊಳ್ಳಬೇಕಾಗಿತ್ತು.

ಹಲವು ಲೋಕಗಳನ್ನು ಒಂದು ಲೆಕ್ಕಕ್ಕೆ ತರುವಾಗ ಸಿದ್ಧಾಂತಿಗಳು ಶೇಷವನ್ನು ಅಧಿಕ ದಿನಗಳಲ್ಲಿ ತೀರಿಸುವ ಗೋಜಿಗೆ ಹೋಗಲಿಲ್ಲ. ಶೇಷವೇ ಮಾಯವಾಗುವಷ್ಟು ಅವಧಿಯನ್ನು ಹಿಗ್ಗಿಸಿದರು. ೪೩,೨೦,೦೦೦ ವರ್ಷಗಳ ಮಹಾಯುಗದಲ್ಲಿ ೧೫೭,೭೯,೧೭,೫೦೦ ದಿನಗಳೆಂದೂ ೫,೩೪,೩೩,೩೩೬ ಚಾಂದ್ರಮಾಸಗಳೆಂದೂ ಆರ್ಯಭಟನ ಎಣಿಕೆ. ಎಲ್ಲವೂ ಪೂರ್ಣಾಂಕಗಳೇ. ಒಂದನ್ನು ಇನ್ನೊಂದರಿಂದ ಭಾಗಿಸಿದರೆ ಮಾಸಕ್ಕೆ ೨೯.೫೩೦೫೮ ದಿನಗಳಾಗುತ್ತವೆ, ಇಂದಿನ ಮಾನಕ್ಕೂ ಇದಕ್ಕೂ ಇರುವ ವ್ಯತ್ಯಾಸ ಒಂದು ಸೆಕೆಂಡಿನಷ್ಟೂ ಇಲ್ಲ. ಯುಗಗಳು ಏಕೆ ಇಷ್ಟು ದೊಡ್ಡವು ಎಂಬುದಕ್ಕೆ ಭಕ್ತಿಯೊಂದೇ ಕಾರಣವಲ್ಲ. ಅದನ್ನು ತಿಳಿಯಲು ನಾವೇ ಒಂದು ಪುಟ್ಟ ಬಹುವಿಶ್ವವನ್ನು ಕಟ್ಟೋಣ.

ಕ, ಖ, ಗ ಎಂದು ಮೂರು ಲೋಕಗಳಿರಲಿ. ‘ಕ’ ಲೋಕದ ದಿನಕ್ಕೆ ೨೪ ಗಂಟೆ, ವರ್ಷಕ್ಕೆ ೩೬೫¼ ದಿನ. ಎಂದರೆ ೮,೭೬೬ ಗಂಟೆಗಳು. ‘ಖ’ ಲೋಕದ ದಿನಕ್ಕೆ ೨೦ ಗಂಟೆ, ವರ್ಷಕ್ಕೆ ೩೦೦ ದಿನ. ಒಟ್ಟು ೬,೦೦೦ ಗಂಟೆಗಳು. ‘ಗ’ ಲೋಕದ ದಿನಕ್ಕೆ ೩೦ ಗಂಟೆ, ವರ್ಷಕ್ಕೆ ೩೨೦½ ದಿನ. ಒಟ್ಟು ೯,೬೧೫ ಗಂಟೆಗಳು. ಮೂರರಲ್ಲಿಯೂ ಒಂದೇ ಕ್ಷಣದಲ್ಲಿ ಯುಗಾದಿಯಾಯಿತೆಂದು ಇಟ್ಟುಕೊಳ್ಳೋಣ. ಮತ್ತೆ ಮೂರು ಲೋಕಗಳಿಗೂ ಒಟ್ಟಿಗೆ ಯುಗಾದಿಯಾಗುವುದು ಯಾವಾಗ? ಪ್ರೌಢಶಾಲೆಯಲ್ಲಿ ಕಲಿತ ಲಘುತಮ ಸಾಮಾನ್ಯ ಅಪವರ್ತ್ಯದ ಲೆಕ್ಕವೇ ಇದು. ಉತ್ತರ ೫೬೧,೯೦,೦೬,೦೦೦ ಗಂಟೆಗಳು. ‘ಕ’ ಲೋಕದ ೬,೪೧,೦೦೦ ವರ್ಷಗಳು! ನಾವು ಆರಿಸಿಕೊಂಡದ್ದು ಮೂರೇ ಲೋಕಗಳು, ಅದೂ ಮಗ್ಗಿಯಂತಹ ಸುಲಭ ಅಂಕಿಗಳು. ಏಳು ಗ್ರಹಗಳನ್ನು ಹಿಡಿದು ಲೆಕ್ಕಕ್ಕೆ ಕುಳಿತವನು ಲಕ್ಷದಲ್ಲಿ ನಿಲ್ಲಲಾರನು.

ಲೋಕದಿಂದ ಲೋಕಕ್ಕೆ ಓಡಾಡುವ ಪಥಿಕನಿಗೆ ಯುಗದಿಂದ ಪ್ರಯೋಜನವಿಲ್ಲ. ಅವನಿಗೆ ಬೇಕಾದುದು ತಿಂಗಳು ವರ್ಷಗಳ ಗೊಡವೆಯಿಲ್ಲದ ಬರಿಯ ಎಣಿಕೆ. ಇದಕ್ಕೂ ಹಳೆಯ ಮಾದರಿಯಿದೆ. ನಮ್ಮಲ್ಲಿ ಕಲಿಯುಗಾದಿಯಿಂದ ಕಳೆದ ದಿನಗಳ ಮೊತ್ತಕ್ಕೆ ಅಹರ್ಗಣವೆಂದು ಹೆಸರು. ಪಾಶ್ಚಾತ್ಯ ಖಗೋಳಜ್ಞರು ಕ್ರಿಸ್ತಪೂರ್ವ ೪೭೧೩ರಿಂದ ಎಣಿಸುವ ಜೂಲಿಯನ್ ದಿನಸಂಖ್ಯೆಯೂ ಇದೇ ಬಗೆಯದು. ಚಂದ್ರಯಾನ-೩ ಇಳಿದ ದಿನದ ಕಲಿ ಅಹರ್ಗಣ ೧೮,೭೧,೭೧೪. ಕಲಿಯ ಮೊದಲ ದಿನ ಶುಕ್ರವಾರವೆಂದು ಸಂಪ್ರದಾಯ. ಏಳರಿಂದ ಭಾಗಿಸಿದರೆ ಶೇಷ ಐದು; ಶುಕ್ರವಾರದಿಂದ ಐದು ದಿನ ಮುಂದಕ್ಕೆ ಎಣಿಸಿದರೆ ಬುಧವಾರ. ಹಳೆಯ ಕ್ಯಾಲೆಂಡರು ಮನೆಯಲ್ಲಿದ್ದರೆ ನೋಡಿಕೊಳ್ಳಬಹುದು.

ನಮ್ಮ ಮೂರು ಲೋಕಗಳಿಗೆ ೧೨೦ ಗಂಟೆಗಳ ಮಾನ ಅನುಕೂಲ. ಅದು ‘ಕ’ಗೆ ಐದು ದಿನ, ‘ಖ’ಗೆ ಆರು, ‘ಗ’ಗೆ ನಾಲ್ಕು, ಪ್ರತಿ ೧೨೦ ಗಂಟೆಗಳಿಗೊಮ್ಮೆ ಮೂರು ಲೋಕಗಳಲ್ಲಿಯೂ ಒಟ್ಟಿಗೆ ಹೊಸ ದಿನ ಹುಟ್ಟುತ್ತದೆ. ಇದನ್ನು ಸಂಧಿಯೆಂದು ಕರೆಯೋಣ. ಲೋಕಗಳ ನಡುವಣ ಬಾಗಿಲು ಅಂದು ಮಾತ್ರ ತೆರೆಯಲಿ. ನೂರನೆಯ ಸಂಧಿಯಲ್ಲಿ ‘ಖ’ ಲೋಕಕ್ಕೆ ಸರಿಯಾಗಿ ಎರಡು ವರ್ಷ ತುಂಬಿ ಯುಗಾದಿಯ ಸಂಭ್ರಮ. ಅದೇ ಕ್ಷಣದಲ್ಲಿ ‘ಕ’ ಲೋಕಕ್ಕೆ ೫೦೦ ದಿನಗಳು ಕಳೆದು ಎರಡನೆಯ ವರ್ಷ ನಡೆಯುತ್ತಿರುತ್ತದೆ; ‘ಗ’ ಲೋಕಕ್ಕೆ ೪೦೦ ದಿನಗಳು ಕಳೆದು ಅಲ್ಲಿಯೂ ಎರಡನೆಯದೇ. ಇಷ್ಟನ್ನು ಭಾಗಾಕಾರ ಬಲ್ಲ ಯಾವ ವಿದ್ಯಾರ್ಥಿಯಾದರೂ ಒರೆಗೆ ಹಚ್ಚಬಹುದು. ‘ಕ’ ಲೋಕದ ಕಾಲು ದಿನವನ್ನೂ ‘ಗ’ ಲೋಕದ ಅರ್ಧ ದಿನವನ್ನೂ ಆಯಾ ಲೋಕದವರು ಹೇಗೆ ತೀರಿ‌ಸಿಕೊಳ್ಳಬೇಕೆಂಬುದನ್ನು ನಾವು ವಾಚಕರಿಗೇ ಬಿಡುತ್ತೇವೆ. ‘ಖ’ ಲೋಕದಲ್ಲಿ ಶೇಷವೇ ಇಲ್ಲವಾದುದರಿಂದ ಅಲ್ಲಿಯ ಪಂಚಾಂಗದವರಿಗೆ ಕೆಲಸವಿರದು. ಅವರ ಮೇಲೆ ಕನಿಕರಗೊಂಡು ಯಾರಾದರೂ ಆ ಲೋಕಕ್ಕೆ ಹದಿನೇಳೂವರೆ ದಿನಗಳಿಗೊಮ್ಮೆ ಹುಣ್ಣಿಮೆಯಾಗುವ ಒಬ್ಬ ಚಂದ್ರನನ್ನು ದಯಪಾಲಿಸುವುದಾದರೆ, ಒಂದು ಮಧ್ಯಾಹ್ನವನ್ನು ಮುಂಚಿತವಾಗಿಯೇ ಬಿಡುವು ಮಾಡಿಟ್ಟುಕೊಳ್ಳುವುದು ಒಳ್ಳೆಯದು.